ಮುರಿದ ಪಕ್ಕೆಲುಬಿನ ಕಾರಣ

ಇಂದುಮತಿ ಸವಣೂರ ಮುರಿದ ಮೂಳೆಗಳಿಗೆ ಸಂಕೇತ ಕೊಡುವ ಕೆಲಸ ಮಾಡುತ್ತಿದ್ದಳು. ಹುಬ್ಬಳ್ಳಿಯ ಹೊರವಲಯದ ಅಪಘಾತ ಸಂಕೇತ ಕೇಂದ್ರದ ಎರಡನೆಯ ಮಹಡಿಯಲ್ಲಿ ಅವಳ ಮೇಜು. ರಸ್ತೆಯಲ್ಲಿ ಯಾರದೇ ಕಾಲು ಮುರಿಯಲಿ, ಕತ್ತು ಉಳುಕಲಿ, ತಲೆ ಒಡೆಯಲಿ, ಆ ಗಾಯಕ್ಕೊಂದು ಸಂಕೇತ, ಅದು ಆದ ಬಗೆಗೊಂದು ಸಂಕೇತ. ಸೈಕಲ್ ಸವಾರ ಲಾರಿಗೆ ಗುದ್ದಿದರೆ ಒಂದು, ಎತ್ತಿನ ಗಾಡಿಯಿಂದ ಬಿದ್ದವನಿಗೆ ಇನ್ನೊಂದು. ಪಾದಚಾರಿ, ಸವಾರ, ಪ್ರಯಾಣಿಕ, ಹೀಗೆ ರಸ್ತೆಯ ಮೇಲೆ ಮನುಷ್ಯ ಏನೇನಾಗಿರಬಲ್ಲನೋ ಅಷ್ಟಕ್ಕೂ ಸಂಕೇತಗಳ ಪುಸ್ತಕದಲ್ಲಿ ಜಾಗವಿತ್ತು. ಚಾಲಕ ಎಂಬ ವಿಭಾಗ ಮಾತ್ರ ವರ್ಷದಿಂದ ವರ್ಷಕ್ಕೆ ತೆಳ್ಳಗಾಗುತ್ತಿತ್ತು. ಬಸ್ಸು, ವ್ಯಾನು, ಲಾರಿಗಳು ತಮ್ಮಷ್ಟಕ್ಕೆ ತಾವೇ ಓಡುವ ಕಾಲ ಬಂದಿತ್ತು. ಬೈಕು, ಟ್ರ್ಯಾಕ್ಟರುಗಳ ಮೇಲಷ್ಟೇ ಇನ್ನೂ ಮನುಷ್ಯರು ಕೂತಿದ್ದರು.

ಮೊದಲೆಲ್ಲ ಈ ಕೆಲಸ ಬಾಯಿಮಾತಿನ ಮೇಲೆ ನಡೆಯುತ್ತಿತ್ತು. ಹೇಗಾಯಿತೆಂದು ಗಾಯಾಳುವನ್ನು ಕೇಳಬೇಕು, ಆತ ಹೇಳಿದ್ದನ್ನು ವೈದ್ಯರು ಗೀಚಬೇಕು, ಗೀಚಿದ್ದನ್ನು ಇಂದುಮತಿಯಂಥವರು ಓದಿ ಅರ್ಥಮಾಡಿಕೊಳ್ಳಬೇಕು. ಜನ ಮರೆಯುತ್ತಿದ್ದರು, ಹೆದರಿ ಸುಳ್ಳು ಹೇಳುತ್ತಿದ್ದರು. ಸತ್ತವರಂತೂ ಏನೂ ಹೇಳುತ್ತಿರಲಿಲ್ಲ. ಆಮೇಲೆ ಡಾಕ್ಟರ್ ಸುಧೀಂದ್ರ ಅಸ್ಥಿಲಿಪಿಯನ್ನು ಕಂಡುಹಿಡಿದರು. ಮೂಳೆಯನ್ನು ಒತ್ತಿದರೆ ಅದರಲ್ಲಿ ನವಿರಾದ ವಿದ್ಯುತ್ತು ಹುಟ್ಟುತ್ತದೆ ಎಂಬುದು ಹಳೆಯ ಸಂಗತಿಯೇ. ಆ ವಿದ್ಯುತ್ತು ಹರಿದುಹೋದ ಮೇಲೂ ಮೂಳೆಯೊಳಗಿನ ಸುಣ್ಣದ ಹರಳುಗಳು, ಗಾಳಿಗೆ ಬಾಗಿದ ಜೋಳದ ಪೈರಿನ ಹಾಗೆ, ಒಂದು ದಿಕ್ಕಿಗೆ ವಾಲಿಕೊಂಡು ವಾರಗಟ್ಟಲೆ ಹಾಗೇ ಇರುತ್ತವೆ ಎಂಬುದು ಅವರ ಶೋಧ. ಆ ವಾಲನ್ನು ಓದಲು ಅವರೊಂದು ಯಂತ್ರ ಮಾಡಿದರು. ಪೆಟ್ಟು ಯಾವ ಕಡೆಯಿಂದ ಬಂತು, ಎಷ್ಟು ಜೋರಿನದು, ಯಾವುದು ಮೊದಲು ಯಾವುದು ಆಮೇಲೆ, ಬಡಿದದ್ದು ಕಬ್ಬಿಣವೋ ಗಾಜೋ ಡಾಂಬರೋ ಅಥವಾ ಇನ್ನೊಬ್ಬರ ಮೈಯೋ, ಎಲ್ಲವೂ ತೆರೆಯ ಮೇಲೆ ಬಣ್ಣದ ಗೆರೆಗಳಾಗಿ ಮೂಡುತ್ತಿತ್ತು. ಸಂಕೇತವನ್ನೂ ಯಂತ್ರವೇ ಹಚ್ಚುತ್ತಿತ್ತು. ಇಂದುಮತಿ ನೋಡಿ ಒಪ್ಪಿಗೆ ಒತ್ತಿದರೆ ಕಾರಣದ ವರದಿ ಎರಡೂ ಕಡೆಯ ಮನೆಯವರ ಫೋನಿಗೆ ಹೋಗುತ್ತಿತ್ತು. ಕೋರ್ಟು ಕಚೇರಿಯ ಜಗಳಗಳು ಇದರಿಂದ ಬಹಳ ಕಡಿಮೆಯಾಗಿದ್ದವು.

ಯಂತ್ರ ಬಂದ ಹೊಸತರಲ್ಲಿ ಕೇಂದ್ರದ ನೌಕರರನ್ನೆಲ್ಲ ಅದರೊಳಗೆ ಮಲಗಿಸಿ ಪರೀಕ್ಷೆ ಮಾಡಿದ್ದರು. ನೋವಾಗದ ಒತ್ತಡವೂ ದಿನದಿನ ಬಿದ್ದರೆ ಮೂಳೆಗೆ ತಿಳಿಯುತ್ತದೆ. ಕೂಸನ್ನು ಕಂಕುಳಲ್ಲಿ ಎತ್ತಿಕೊಳ್ಳುತ್ತಿದ್ದ ಗುಮಾಸ್ತೆಯ ಎಡಸೊಂಟದಲ್ಲಿ, ಇನ್ನೊಂದು ಮೈಯ ಭಾರದ ಗುರುತಾಗಿ, ಮಬ್ಬು ಹಸಿರು ಕಾಣಿಸಿತು. ಹೊಸದಾಗಿ ಮದುವೆಯಾದ ಕಾವಲುಗಾರನ ಭುಜ ಬೆನ್ನೆಲ್ಲ ಹಸಿರೋ ಹಸಿರು. ಎಲ್ಲರೂ ಹೋ ಎಂದು ನಕ್ಕರು. ಇಂದುಮತಿಯ ಸರದಿ ಬಂದಾಗ ತೆರೆ ಬೆಳ್ಳಗೆ ಉಳಿಯಿತು.

"ಅದ್ಭುತ!" ಎಂದರು ಸುಧೀಂದ್ರ. ಅವರು ಮೈಸೂರಿನ ಕಡೆಯವರು, ಸಂತೋಷವಾದರೆ ಕೈ ಉಜ್ಜಿಕೊಳ್ಳುವವರು. "ಇಷ್ಟು ಸ್ವಚ್ಛವಾದ ಅಸ್ಥಿ ನಾನು ನೋಡೇ ಇಲ್ಲ ಕಣ್ರೀ. ಯಾರ ಭಾರವೂ ಬಿದ್ದಿಲ್ಲ. ಇದನ್ನೇ ನಮ್ಮ ಶೂನ್ಯಮಾದರಿ ಮಾಡ್ಕೊಳ್ಳೋಣ."

ಅಂದಿನಿಂದ ಯಾರ ಮೂಳೆಯನ್ನು ಓದುವಾಗಲೂ ಯಂತ್ರ ಮೊದಲು ಇಂದುಮತಿಯ ಮೂಳೆಯನ್ನು ಅದರಲ್ಲಿ ಕಳೆದು, ಉಳಿದದ್ದನ್ನು ಆ ವ್ಯಕ್ತಿಯ ಬಾಳಿನದೆಂದು ಹಿಡಿಯುತ್ತಿತ್ತು. ಆ ದಿನ ಎಲ್ಲರಿಗೂ ಧಾರವಾಡ ಪೇಡೆ ಹಂಚಿದರು. ಇಂದುಮತಿ ಒಂದು ತಿಂದು, ಇನ್ನೊಂದನ್ನು ರೂಢಿಯಂತೆ ತಾಯಿಗೆಂದು ಕರವಸ್ತ್ರದಲ್ಲಿ ಕಟ್ಟಿಕೊಂಡಳು. ತಾಯಿ ತೀರಿಹೋಗಿ ಆಗಲೇ ವರ್ಷವಾಗಿತ್ತೆಂಬುದು ಮನೆಯ ಬೀಗ ತೆಗೆಯುವಾಗ ನೆನಪಾಯಿತು.

ಅಣ್ಣಿಗೇರಿಯ ಅಪಘಾತ ಅವಳ ಮೇಜಿಗೆ ಬಂದದ್ದು ಹತ್ತಿ ಬಿಡಿಸುವ ಕಾಲದಲ್ಲಿ. ಮಧ್ಯಾಹ್ನದ ಗದಗ ವ್ಯಾನಿನ ಎಡಮಗ್ಗುಲಿಗೆ, ಹೊಲದ ದಾರಿಯಿಂದ ಏರಿಬಂದ ಹತ್ತಿ ತುಂಬಿದ ಟ್ರ್ಯಾಕ್ಟರು ಗುದ್ದಿತ್ತು. ವ್ಯಾನು ಮಗುಚಿತ್ತು. ಹೆಚ್ಚಿನವರು ತರಚುಗಾಯದಲ್ಲಿ ಪಾರಾಗಿದ್ದರು. ಶಿವಪುತ್ರ ಮೊರಬ ಎಂಬ ಐವತ್ತು ದಾಟಿದ ಗಂಡಸು ಸತ್ತಿದ್ದರು. ಅವರ ಎಡಕ್ಕೆ ಕಿಟಕಿಯ ಪಕ್ಕ ಕೂತಿದ್ದ ಎಸ್ತರ್ ಕಟ್ಟಿಮನಿ ಎಂಬ ಹೆಂಗಸಿಗೆ ಪಕ್ಕೆಲುಬುಗಳು ಮುರಿದಿದ್ದವು. ಮುರಿದದ್ದು ಕಿಟಕಿಯ ಕಡೆಯವಲ್ಲ, ಶಿವಪುತ್ರರ ಕಡೆಯವು. ಬಡಿದದ್ದು ಕಬ್ಬಿಣವಲ್ಲ, ಮೈ. ಸೀಟು ಪಟ್ಟಿ ಕಟ್ಟಿಕೊಳ್ಳದ ಗಂಡಸು ಗುದ್ದಿದ ರಭಸಕ್ಕೆ ಪಕ್ಕದವಳ ಮೇಲೆ ಹೋಗಿ ಬಿದ್ದಿದ್ದಾನೆ ಎಂದು ಯಂತ್ರ ತೀರ್ಮಾನಿಸಿತು. ಸಹಪ್ರಯಾಣಿಕನ ದೇಹ ತಾಗಿ ಆದ ಗಾಯ, ಆಕಸ್ಮಿಕ. ಗಾಯಕಾರಕ, ಶಿವಪುತ್ರ ಮೊರಬ. ಇಂದುಮತಿಗೂ ಅದು ಸರಿಯೆನಿಸಿತು. ಒಪ್ಪಿಗೆ ಒತ್ತಿದಳು.

ಕೆಲವು ದಿನಗಳ ಮೇಲೆ ಒಬ್ಬ ಹೆಂಗಸು ಏದುಸಿರು ಬಿಡುತ್ತ ಮಹಡಿ ಹತ್ತಿ ಬಂದು ಅವಳ ಮೇಜಿನ ಮುಂದೆ ನಿಂತಳು.

"ಎಲುಬು ಓದೋರು ನೀವಽ ಏನ್ರಿ?"

"ಹೌದ್ರಿ. ಕೂಡ್ರಿ."

"ನಾ ಸುವರ್ಣಾ ಮೊರಬ. ನಮ್ಮ ಮನಿಯವರ ವರದಿ ಬಂದೈತ್ರಿ. ಗಾಯಕಾರಕ ಅಂತ ಬರದೀರಿ. ಆ ಹೆಣಮಗಳ ಎಲುಬು ಮುರದವರು ಇವರಽ ಅಂತ. ಸತ್ತ ಮನಷ್ಯಾಗ ಹಿಂಗ ಬರೀಬೇಕೇನ್ರಿ?"

"ಅದು ಬೈಗುಳ ಅಲ್ರಿ ಅಕ್ಕಾರ. ನಮ್ಮ ಪುಸ್ತಕದಾಗಿನ ಶಬ್ದ ಅದು."

"ಯಾವ ಪುಸ್ತಕದ್ದರ ಇರ್ಲಿ. ಮೂವತ್ತು ವರ್ಷ ಬಸ್ ಹೊಡದಾರ ಅವರು. ಒಂದು ಕೋಳಿ ಮರಿಗೆ ಗಾಲಿ ತಾಗಿಸಿಲ್ಲ. ಡ್ರೈವರ್ ಬ್ಯಾಡ ಅಂತ ಎಲ್ಲಾರ್ನೂ ಮನಿಗೆ ಕಳಿಸಿದ ಮ್ಯಾಲೂ, ಆಟೋದಾಗ ಕುಂತರೂ ಕಾಲು ಬ್ರೇಕ್ ಹುಡುಕತಿತ್ತು. ಪಟ್ಟಿ ಕಟ್ಟಿದ್ದಿಲ್ಲ ಅಂತ ಬರದೀರಿ. ಹಿತ್ತಲಕ್ಕ ಹೋಗೂದಿದ್ದರೂ ಪಟ್ಟಿ ಕಟ್ಟಿಕೊಂಡು ಹೋಗೋ ಮನಷ್ಯಾ ಅವರು!"

ತನ್ನ ಮಾತಿಗೆ ತಾನೇ ನಗು ಬಂದು, ಆ ನಗು ಅಳುವಾಗಿ, ಸುವರ್ಣಾ ಸೆರಗಿನಿಂದ ಮುಖ ಒತ್ತಿಕೊಂಡಳು. ಇಂದುಮತಿ ನೀರಿನ ಬಾಟಲಿಯನ್ನು ಮುಂದಕ್ಕೆ ಸರಿಸಿದಳು. ಹೆಗಲ ಮೇಲೆ ಕೈಯಿಡಬೇಕೇನೋ ಎಂದುಕೊಂಡಳು, ಇಡಲಿಲ್ಲ.

"ಗದಗಿಗೆ ಯಾಕ ಹೊಂಟಿದ್ರು?" ಎಂದು ಕೇಳಿದಳು.

"ಅದಽ ತಿಳಿವಲ್ದು ನೋಡ್ರಿ. ಹಳೇ ಗೆಳ್ಯಾರ ಗ್ಯಾರೇಜಿಗೆ ಹೋಗಿ ಕೂಡ್ತೇನಿ ಅಂತ ದಿನಾ ಹೇಳಿ ಹೋಗತಿದ್ರು. ಗ್ಯಾರೇಜು ಇಲ್ಲೇ ಐತಿ. ಆ ವ್ಯಾನಿನ್ಯಾಗ ಯಾಕ ಇದ್ರು, ದೇವರಿಗೇ ಗೊತ್ತು."

ಇಂದುಮತಿ ಮತ್ತೊಮ್ಮೆ ನೋಡುವುದಾಗಿ ಮಾತು ಕೊಟ್ಟು ಕಳಿಸಿದಳು. ಮತ್ತೆ ನೋಡುವ ಪದ್ಧತಿಯೇ ಕೇಂದ್ರದಲ್ಲಿರಲಿಲ್ಲ. ಗುದ್ದುವ ಕ್ಷಣದಿಂದ ಮುಂದಿನದನ್ನಷ್ಟೇ ಯಂತ್ರ ಓದುತ್ತಿತ್ತು. ಅದಕ್ಕೆ ಹಿಂದಿನ ಗೆರೆಗಳು ಕೂತದ್ದು, ಎದ್ದದ್ದು, ಚೀಲ ಹೊತ್ತದ್ದು ಎಂದು ಒರೆಸಿಹಾಕುತ್ತಿತ್ತು. ಅವಳು ಆ ಒರೆಸುವ ಏರ್ಪಾಡನ್ನು ನಿಲ್ಲಿಸಿ ಶಿವಪುತ್ರರ ಮೂಳೆಗಳನ್ನು ತೆರೆಯ ಮೇಲೆ ತೆಗೆದಳು. ಹೊರಗಿನಿಂದ ಬಡಿದರೆ ಗೆರೆ ಮೂಳೆಗೆ ಅಡ್ಡವಾಗಿ ಬೀಳುತ್ತದೆ. ಮನುಷ್ಯ ತನ್ನ ಸ್ನಾಯುವನ್ನು ತಾನೇ ಬಿಗಿದರೆ ಗೆರೆ ಮೂಳೆಯ ಉದ್ದಕ್ಕೆ ಹರಿಯುತ್ತದೆ. ಶಿವಪುತ್ರರ ಎರಡೂ ತೋಳುಗಳಲ್ಲಿ ಗೆರೆಗಳು ಉದ್ದಕ್ಕೇ ಇದ್ದವು, ಮೊಳಕೈಯಿಂದ ಮುಂಗೈಯವರೆಗೆ, ಬಿಲ್ಲಿನ ಹೆದೆಯ ಹಾಗೆ. ಅವು ಟ್ರ್ಯಾಕ್ಟರು ಗುದ್ದುವ ಮುಂಚಿನವು. ಎಸ್ತರಳ ಎದೆಗೂಡಿನಲ್ಲಿ ಹುಡುಕಿದರೆ, ಮುರಿಯದೆ ಉಳಿದ ಎಡಪಕ್ಕೆಯ ಮೇಲೂ ಎರಡು ಕೈಗಳ ಸುತ್ತು ಸಿಕ್ಕಿತು.

ಬಿದ್ದ ಮನುಷ್ಯನಲ್ಲ ಇವನು, ಹಿಡಿದುಕೊಂಡ ಮನುಷ್ಯ. ಕಿಟಕಿಯಿಂದ ಅವಳನ್ನು ತನ್ನ ಕಡೆಗೆ ಸೆಳೆದುಕೊಂಡಿದ್ದ. ಅವಳ ತಲೆ ಇದ್ದ ಜಾಗದಲ್ಲಿ ಆಮೇಲೆ ಟ್ರ್ಯಾಕ್ಟರಿನ ಕಬ್ಬಿಣ ಬಂದು ನಿಂತಿತ್ತು.

ಇಂದುಮತಿಗೆ ಬಹಳ ವರ್ಷಗಳಿಂದ ಅಷ್ಟು ಸಂತೋಷವಾಗಿರಲಿಲ್ಲ. ಫೋನು ಮಾಡಿ ಸುವರ್ಣಾಳನ್ನು ಮರಳಿ ಕರೆಸಿದಳು.

"ಅವರು ಆಕಿ ಮ್ಯಾಲೆ ಬಿದ್ದಿಲ್ರಿ ಅಕ್ಕಾರ. ನಿಮ್ಮ ಮಾತಽ ಖರೇ. ಗುದ್ದೂಕಿಂತ ಮೊದಲಽ ಆಕಿನ್ನ ಎರಡೂ ಕೈಲೆ ತಬ್ಬಿ ಹಿಡಿದಿದ್ರು."

ಸುವರ್ಣಾಳ ಮುಖ ಅರಳಬೇಕಿತ್ತು. ಅದು ನಿಧಾನವಾಗಿ ಕಲ್ಲಾಯಿತು.

"ಮೊದಲಽ?"

"ಹೌದ್ರಿ, ಮೊದಲಽ. ಯಂತ್ರ ಸುಳ್ಳು ಹೇಳೂದಿಲ್ಲ."

"ವಯಸ್ಸೆಷ್ಟು ಆಕಿಗೆ?"

"ಮೂವತ್ತರ ಮ್ಯಾಲೆ ಇರಬೇಕ್ರಿ..." ಎನ್ನುತ್ತಿದ್ದಂತೆ ಇಂದುಮತಿಗೆ ತಾನೇನು ಹೇಳುತ್ತಿದ್ದೇನೆಂಬುದು ಹೊಳೆಯಿತು.

ಸುವರ್ಣಾ ಎದ್ದು ನಿಂತಳು. "ದಿನಾ ಗ್ಯಾರೇಜು ಅಂತಿದ್ರು," ಎಂದಳು. ಬಾಗಿಲ ತನಕ ಹೋಗಿ ತಿರುಗಿದಳು. "ಬಿದ್ದಾರ ಅಂತ ಬರದಿದ್ರಿ. ಅದಽ ಚಲೋ ಇತ್ತಲ್ರಿ."

ಆ ಸಂಜೆ ಇಂದುಮತಿ ಮನೆಗೆ ಹೋಗಿ ಒಬ್ಬಳಿಗೆ ಸಾಕಾಗುವಷ್ಟು ಹಿಟ್ಟು ನಾದಿದಳು. ರೊಟ್ಟಿ ಬಡಿಯುತ್ತ ಬಡಿಯುತ್ತ ಕೈ ನಿಂತಿತು. ಒಬ್ಬ ಗಂಡಸು ಒಬ್ಬ ಹೆಂಗಸನ್ನು ತಬ್ಬಿ ಹಿಡಿದಿದ್ದ ಎಂದರೆ ಹೆಂಡತಿಯಾದವಳ ಕಿವಿಗೆ ಅದು ಹೇಗೆ ಕೇಳಿಸುತ್ತದೆ ಎಂಬುದು ತನಗೇಕೆ ತೋಚಲಿಲ್ಲ? ಯಾರಿಗಾದರೂ ತೋಚುತ್ತಿತ್ತು. ಕೆಳಮನೆಯ ಗುಮ್ಮಗೋಳ ಬಾಯಿಯವರಿಗೆ ತೋಚುತ್ತಿತ್ತು, ಕಾವಲುಗಾರನಿಗೂ ತೋಚುತ್ತಿತ್ತು. ತನಗೆ ಮಾತ್ರ ಅಪ್ಪುಗೆಯೆಂದರೆ ತೆರೆಯ ಮೇಲಿನ ಗೆರೆ. ಅದರ ಹಿಂದೆ ಇರುವ ಬಿಸಿ, ಅನುಮಾನ, ಹಕ್ಕು ಯಾವುದೂ ಗೊತ್ತಿಲ್ಲ. ತಾಯಿಯನ್ನು ಹದಿನೈದು ವರ್ಷ ಎತ್ತಿ ಕೂರಿಸಿ ಮಲಗಿಸಿದವಳು ಅವಳು. ತಾಯಿ ಹೋದ ಮೇಲೆ ಅಂಗಡಿಯವನು ಚಿಲ್ಲರೆ ಕೊಡುವಾಗ ಬೆರಳು ತಾಗಿದರೆ ಅದೇ ಹೆಚ್ಚು. ಹಂಚಿನ ಮೇಲಿನ ರೊಟ್ಟಿ ಕರಕಾಗಿ ಹೊಗೆಯಾಡಿತು. ಒಲೆ ಆರಿಸಿ, ಹಾಲು ಕುಡಿದು ಮಲಗಿದಳು.

ಮರುದಿನ ಮತ್ತೆ ಯಂತ್ರದ ಮುಂದೆ ಕೂತಳು. ಈ ಸಲ ಎಸ್ತರಳ ಕೈಕಾಲುಗಳನ್ನು ತೆಗೆದಳು. ಎಚ್ಚರವಿರುವ ಮನುಷ್ಯನ ಮೂಳೆ ಸುಮ್ಮನೆ ಕೂತಾಗಲೂ ಸಣ್ಣಗೆ ಎಳೆಸಿಕೊಳ್ಳುತ್ತಿರುತ್ತದೆ. ಎಸ್ತರಳ ಕತ್ತು, ತೋಳು, ಬೆರಳು ಎಲ್ಲವೂ ಸಡಿಲವಾಗಿದ್ದವು. ಅವಳು ಗಾಢ ನಿದ್ದೆಯಲ್ಲಿದ್ದಳು, ತಲೆ ಕಿಟಕಿಗೆ ಆನಿಸಿ, ಶಿವಪುತ್ರರಿಂದ ದೂರಕ್ಕೆ ವಾಲಿ. ಆ ಕೈಗಳು ಬಂದದ್ದು ಅವಳಿಗೆ ಗೊತ್ತೇ ಇರಲಿಲ್ಲ. ಇಂದುಮತಿ ನಿಟ್ಟುಸಿರು ಬಿಟ್ಟಳು. ಇದನ್ನು ಸುವರ್ಣಾಳಿಗೆ ಹೇಳಿದರೆ ಮುಗಿಯಿತು.

ಆದರೆ ಪಟ್ಟಿಯ ಮಾತು ಉಳಿದಿತ್ತು. ಶಿವಪುತ್ರರ ಸೊಂಟದ ಮೂಳೆಯನ್ನು ನೋಡಿದಳು. ಪಟ್ಟಿ ಇತ್ತು. ಹುಬ್ಬಳ್ಳಿಯಿಂದ ಒಂದೇ ಸಮ ಅವರ ಸೊಂಟದ ಮೇಲೆ ಕೂತಿದ್ದ ಆ ಒತ್ತು, ಗುದ್ದುವ ತುಸು ಮುಂಚೆ ಇಲ್ಲವಾಗಿತ್ತು. ಹೆಬ್ಬೆರಳ ತುದಿಯ ಮೂಳೆಯಲ್ಲಿ ಒಂದು ಚುಕ್ಕೆ. ಗುಂಡಿ ಒತ್ತಿದ ಗುರುತು.

ಕಟ್ಟಿಕೊಂಡಿದ್ದರೆ ಬದುಕುತ್ತಿದ್ದರು. ಕಟ್ಟಿಕೊಂಡಿದ್ದರೆ ಅವಳು ಕೈಗೆ ಎಟುಕುತ್ತಿರಲಿಲ್ಲ. ಬಿಚ್ಚಿದ್ದರು.

ಇಂದುಮತಿ ಸುಧೀಂದ್ರರನ್ನು ಕರೆದು ಎಲ್ಲವನ್ನೂ ತೋರಿಸಿದಳು. ಅವರು ಕನ್ನಡಕ ಹಣೆಗೇರಿಸಿ ಬಹಳ ಹೊತ್ತು ನೋಡಿದರು.

"ಶಭಾಷ್! ಗುದ್ದೋಕೆ ಮುಂಚಿನದು ಇಷ್ಟು ಸ್ಪಷ್ಟವಾಗಿ ಉಳಿಯುತ್ತೆ ಅಂತ ನನಗೇ ಗೊತ್ತಿರಲಿಲ್ಲ. ಸಂಕೇತ ಬದಲಾಯಿಸಿ, ನೋಡೋಣ."

ಅವಳು ಎಸ್ತರಳ ಪಕ್ಕೆಲುಬಿನ ಮುಂದೆ ಆಕಸ್ಮಿಕ ಎಂಬುದನ್ನು ತೆಗೆದು ಉದ್ದೇಶಪೂರ್ವಕ ಎಂದು ಮಾಡಿದಳು. ಯಂತ್ರ ಕೂಡಲೇ ಹೊಸ ಸಂಕೇತ ಹಚ್ಚಿತು: ಹಲ್ಲೆ. ಶಿವಪುತ್ರರ ಪಟ್ಟಿಯ ಮುಂದೆಯೂ ಹಾಗೇ ಮಾಡಿದಳು. ಸಾವಿನ ಕಾರಣ ತಾನಾಗಿ ಬದಲಾಯಿತು: ಆತ್ಮಹತ್ಯೆ.

ಇಂದುಮತಿ ತೆರೆಯನ್ನೇ ನೋಡುತ್ತ ಕೂತಳು. "ಇದೇನ್ರಿ ಸರ್ ಇದು?"

"ಪುಸ್ತಕ ಇರೋದೇ ಹಾಗಲ್ವಾ," ಎಂದರು ಸುಧೀಂದ್ರ. ಅವರ ದನಿ ತಗ್ಗಿತ್ತು. "ಬೇಕು ಅಂತ ಇನ್ನೊಬ್ಬರ ಮೂಳೆ ಮುರಿದರೆ ಹಲ್ಲೆ. ಬೇಕು ಅಂತ ತನ್ನ ಪ್ರಾಣಕ್ಕೆ ತಾನೇ ಸಂಚಕಾರ ತಂದುಕೊಂಡರೆ ಆತ್ಮಹತ್ಯೆ."

"ಮೂರನೇದು ಇಲ್ಲೇನ್ರಿ?"

"ಇದೆ. ಉದ್ದೇಶ ತಿಳಿದಿಲ್ಲ ಅಂತ."

"ತಿಳದೈತಲ್ರಿ!"

"ನಿಮಗೆ ತಿಳಿದಿದೆ, ನನಗೂ ತಿಳೀತು. ಎಲುಬಿಗೆ ತಿಳಿದಿಲ್ಲ ಇಂದುಮತಿಯವರೆ. ಕೈ ಬಿಗಿದಿದ್ದು ಅದಕ್ಕೆ ಗೊತ್ತು, ಯಾಕೆ ಬಿಗೀತು ಅಂತ ಗೊತ್ತಿಲ್ಲ. ಹೊಸ ಸಂಕೇತ ಬೇಕು ಅಂತ ಸಮಿತಿಗೆ ಬರೆಯೋಣ, ಬರೆಯೋಣ. ಅದೆಲ್ಲ ಆಗಿ ಬರೋವಾಗ ನಾವಿಬ್ಬರೂ ಇಲ್ಲಿರೋದಿಲ್ಲ. ಅಲ್ಲೀತನಕ..." ಅವರು ಮಾತು ಅಲ್ಲಿಗೇ ಬಿಟ್ಟು ಅವಳ ಮುಖ ನೋಡಿದರು.

ಹಲ್ಲೆ ಮತ್ತು ಆತ್ಮಹತ್ಯೆ ಎಂಬ ಎರಡು ಶಬ್ದಗಳು ಸುವರ್ಣಾಳ ಫೋನಿಗೆ ಹೋಗುವುದನ್ನು ಇಂದುಮತಿ ಊಹಿಸಿಕೊಂಡಳು. ಬದಲಾವಣೆಯನ್ನು ರದ್ದುಮಾಡಿದಳು. ತೆರೆಯ ಮೇಲೆ ಮತ್ತೆ ಆಕಸ್ಮಿಕ ಎಂದು ಬಂದು ಕೂತಿತು. ಆ ಎರಡು ಮೂಳೆಗೂಡುಗಳಲ್ಲಿ ನಡೆದದ್ದರಲ್ಲಿ ಆಕಸ್ಮಿಕವಲ್ಲದ್ದೆಂದರೆ ಆ ಅಪ್ಪುಗೆಯೊಂದೇ.

ಸುವರ್ಣಾಳ ಮನೆ ಹಳೇ ಹುಬ್ಬಳ್ಳಿಯ ಓಣಿಯೊಂದರಲ್ಲಿತ್ತು. ದಿನಕರ್ಮಕ್ಕೆ ಬಂದಿದ್ದ ಮ‌ಗಳು ಗಂಡನ ಮನೆಗೆ ಮರಳಿದ್ದಳು. ಸುವರ್ಣಾ ಪಡಸಾಲೆಯಲ್ಲಿ ಮೊರ ಹಿಡಿದು ತೊಗರಿಬೇಳೆ ಹಸನು ಮಾಡುತ್ತಿದ್ದಳು. ಬಾ ಎನ್ನಲಿಲ್ಲ, ಹೋಗು ಎನ್ನಲೂ ಇಲ್ಲ. ಇಂದುಮತಿ ಹೊಸ್ತಿಲೊಳಗೆ ತಾನೇ ಕೂತು, ಹೇಳಬೇಕಾದದ್ದನ್ನು ಹೇಳಿದಳು. ಆಕೆ ನಿದ್ದೆಯಲ್ಲಿದ್ದಳು, ದೂರ ಸರಿದು ಮಲಗಿದ್ದಳು, ಅವಳಿಗೆ ಏನೂ ಗೊತ್ತಿರಲಿಲ್ಲ. ಸುವರ್ಣಾಳ ಕೈ ಮೊರದ ಮೇಲೆ ನಿಧಾನವಾಯಿತು. ಭುಜ ಇಳಿಯಿತು.

ಅಲ್ಲಿಗೆ ನಿಲ್ಲಿಸಿ ಎದ್ದು ಹೋಗಬಹುದಿತ್ತು. ಆದರೆ ಅರ್ಧ ಹೇಳಿದ್ದರ ಫಲವನ್ನು ಇಂದುಮತಿ ಒಮ್ಮೆ ಕಂಡಿದ್ದಳು.

"ಇನ್ನೊಂದೈತ್ರಿ. ಅವರು ಪಟ್ಟಿ ಕಟ್ಟಿದ್ರು. ನೀವು ಹೇಳಿದಂಗ. ಟ್ರ್ಯಾಕ್ಟರ್ ಬರೂದು ನೋಡಿ, ಬಿಚ್ಚಿದ್ರು. ಬಿಚ್ಚದಿದ್ರ ಆಕಿ ಸಿಗತಿದ್ದಿಲ್ಲ."

"ಬಿಚ್ಚದಿದ್ರ ಇವರು?"

"ಉಳೀತಿದ್ರು," ಎಂದಳು ಇಂದುಮತಿ.

ಮೊರ ನೆಲಕ್ಕೆ ಬಿತ್ತು. "ಹಂಗಾರ ಟೈಮಿತ್ತು!" ಎಂದಳು ಸುವರ್ಣಾ. "ಬಿಚ್ಚಾಕ ಟೈಮಿತ್ತು ಅವರಿಗೆ! ಆ ಟೈಮಿನ್ಯಾಗ ನಾ ಒಬ್ಬಾಕಿ ಮನ್ಯಾಗ ಕುಂತೇನಿ ಅಂತ ನೆನಪಾಗಲಿಲ್ಲೇನು? ಹೆಸರು ಗೊತ್ತಿಲ್ಲದಾಕಿ ಸಲುವಾಗಿ... ನನ್ನ ಕೈಲೆ ಮುಂಜಾನೆ ಉಪ್ಪಿಟ್ಟು ತಿಂದು ಹೋಗಿದ್ರಲ್ರಿ! ನಾನೇನು ಯಾರೂ ಅಲ್ಲೇನು?"

ಚೆಲ್ಲಿದ ಬೇಳೆಯ ನಡುವೆ ಅವಳು ಹಣೆ ಬಡಿದುಕೊಂಡು ಅತ್ತಳು. ಗಂಡ ಸತ್ತ ದಿನವೂ ಅವಳು ಹಾಗೆ ಅತ್ತಿರಲಿಕ್ಕಿಲ್ಲ. ಇಂದುಮತಿ ಬೇಳೆಯನ್ನು ಅಂಗೈಯಿಂದ ಗೋರಿ ಗೋರಿ ಮೊರಕ್ಕೆ ತುಂಬಿದಳು. ಅವಳಿಗೆ ಬೇರೆ ಏನು ಮಾಡಬೇಕೆಂದು ಗೊತ್ತಾಗಲಿಲ್ಲ. ಸಾಕಷ್ಟು ಹೊತ್ತಾದ ಮೇಲೆ ಸುವರ್ಣಾ ಮುಖ ತೊಳೆದುಕೊಂಡು ಬಂದಳು.

"ಆಕಿ ಮನಿ ಎಲ್ಲೈತ್ರಿ? ನನ್ನ ಕರಕೊಂಡು ಹೋಗ್ರಿ."

ಅವರಿಬ್ಬರೂ ಮಧ್ಯಾಹ್ನದ ಗದಗ ವ್ಯಾನಿನಲ್ಲೇ ಹೋದರು. ರಸ್ತೆಯ ಎರಡೂ ಕಡೆ ಎರೆಹೊಲ, ಬಿಡಿಸಿ ಉಳಿದ ಹತ್ತಿಯ ಬಿಳಿ ಚೂರುಗಳು. ವ್ಯಾನಿನಲ್ಲಿ ಕೆಲವರು ಫೋನು ನೋಡುತ್ತಿದ್ದರು, ಉಳಿದವರು ಮಲಗಿದ್ದರು. ಅಣ್ಣಿಗೇರಿ ದಾಟುವಾಗ ಸುವರ್ಣಾ ಕಣ್ಣು ಮುಚ್ಚಿಕೊಂಡಳು.

ಎಸ್ತರ್ ಗದಗಿಗೆ ಅಂಟಿಕೊಂಡ ಬೆಟಗೇರಿಯ ನೇಕಾರರ ಓಣಿಯಲ್ಲಿ ಒಂದೇ ಕೋಣೆಯ ಬಾಡಿಗೆ ಮನೆಯಲ್ಲಿದ್ದಳು. ಮಂಚದ ಮೇಲೆ ದಿಂಬಿಗೆ ಒರಗಿ ಕೂತಿದ್ದಳು. ಮುಂಗೈಗಳ ತುಂಬ ಒಲೆಯ ತಗಡು ತಾಗಿ ಸುಟ್ಟ ಹಳೆಯ ಕಲೆಗಳು. ಯಾರು ಬಂದಿದ್ದಾರೆಂದು ಇಂದುಮತಿ ಹೇಳಿದೊಡನೆ ಅವಳು ಏಳಲು ಹೋಗಿ, ನೋವಿಗೆ ತುಟಿ ಕಚ್ಚಿ, ಅಲ್ಲೇ ಕೂತಳು.

"ನಿಮ್ಮ ಯಜಮಾನ್ರು ನನ್ನ ಮ್ಯಾಲೆ ಬಿದ್ದು ಎಲುಬು ಮುರೀತು ಅಂತ ವರದಿ ಬಂತ್ರಿ," ಎಂದಳು. "ನಾ ಬಾಳ ಬೈದೇನ್ರಿ ಅವರಿಗೆ. ಸತ್ತಾರ ಅಂತ ಗೊತ್ತಿದ್ರೂ ಬೈದೆ."

ಇಂದುಮತಿ ನಡೆದದ್ದನ್ನು ಹೇಳಿದಳು. ಎಸ್ತರ್ ಕೇಳುತ್ತ ಕೇಳುತ್ತ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡಳು.

"ಅವರು ನಿನಗ ಗೊತ್ತಿದ್ರೇನವಾ?" ಸುವರ್ಣಾ ನೇರವಾಗಿ ಕೇಳಿದಳು. ದನಿಯಲ್ಲಿ ಸಿಟ್ಟಿರಲಿಲ್ಲ, ದಣಿವಿತ್ತು.

"ಗೊತ್ತಿದ್ರು ಅಂದ್ರ... ದಿನಾ ಕಾಣತಿದ್ರು ಅಕ್ಕಾ. ಹೆಸರು ಗೊತ್ತಿದ್ದಿಲ್ಲ. ನಾ ಹುಬ್ಬಳ್ಳಿ ಬೇಕರಿಯೊಳಗ ನಸಿಕಿಲೆ ಕೆಲಸಕ್ಕ ಹತ್ತತೇನಿ. ಮಧ್ಯಾಹ್ನದ ವ್ಯಾನು ಹತ್ತಿದ ಕೂಡಲೇ ನಿದ್ದಿ. ಅವರು ದಿನಾ ಅದಽ ವ್ಯಾನಿಗೆ ಇರತಿದ್ರು. ಗದಗದಾಗ ಇಳೀತಿದ್ರು, ಸ್ಟ್ಯಾಂಡಿನ್ಯಾಗ ಒಂದು ಚಹಾ ಕುಡೀತಿದ್ರು, ಅದಽ ವ್ಯಾನು ಹತ್ತಿ ತಿರುಗಿ ಹೋಗತಿದ್ರು. ಎಲ್ಲಿಗೂ ಹೋಗತಿದ್ದಿಲ್ಲ."

"ಎಲ್ಲಿಗೂ ಹೋಗತಿದ್ದಿಲ್ಲ?"

"ಇಲ್ಲಕ್ಕಾ. ಯಾರ ಜೋಡೀನೂ ಮಾತಾಡತಿದ್ದಿಲ್ಲ. ಬರೇ ರಸ್ತೆ ನೋಡತಿದ್ರು. ಎದುರಿಗೆ ಏನರ ಬಂದ್ರ ಕಾಲು ಹಿಂಗ ನೆಲಕ್ಕ ಒತ್ತತಿದ್ರು. ಒಮ್ಮೆ ನಾ ನಕ್ಕೆ. ಅವರೂ ನಕ್ರು. ಅಷ್ಟಽ ನಮ್ಮ ಮಾತು. ಖರೇ ಹೇಳತೇನಿ, ಅವರು ಕುಂತಿದ್ರ ನನಗ ನಿದ್ದಿ ಚಲೋ ಬರತಿತ್ತು. ಯಾರೋ ಒಬ್ರು ಎಚ್ಚರ ಅದಾರಲಾ ಅಂತ."

ಆಚೆ ಮನೆಯ ಮಗ್ಗ ಟಕ್ ಟಕ್ ಎನ್ನುತ್ತಿತ್ತು.

"ಇದಽ ರೂಟಿನ ಮ್ಯಾಲೆ ಬಸ್ ಹೊಡೀತಿದ್ರು," ಎಂದಳು ಸುವರ್ಣಾ. "ಮನ್ಯಾಗ ಕುಂತು ಕುಂತು ಬ್ಯಾಸರ ಅಂತ ಒಂದಿನಾನೂ ಅನಲಿಲ್ಲ. ನಾ ಕೇಳಲೂ ಇಲ್ಲ. ಗ್ಯಾರೇಜಿಗೆ ಹೋಗತಾರ, ಗೆಳ್ಯಾರು ಅದಾರ, ಆರಾಮ ಅದಾರ ಅನಕೊಂಡಿದ್ದೆ." ಆಮೇಲೆ ತನಗೆ ತಾನೇ ಎಂಬಂತೆ, "ಹಿಂದ ಐವತ್ತು ಮಂದಿ ಮಲಗಿರತಾರ ಸುವರ್ಣಾ, ನಾ ಹ್ಯಾಂಗ ರೆಪ್ಪಿ ಬಡೀಲಿ ಅಂತಿದ್ರು. ಆ ಹೊತ್ತಿನ್ಯಾಗ ನಾ ನೆನಪಾಗಿರಲಿಕ್ಕಿಲ್ಲ. ಯಾರೂ ನೆನಪಾಗಿರಲಿಕ್ಕಿಲ್ಲ. ಮಲಗಿದವರು ಅಷ್ಟಽ ಕಂಡಿರಬೇಕು" ಎಂದಳು.

ಮಂಚದ ಅಂಚಿಗೆ ಸರಿದು ಕೂತಳು.

"ಇನ್ನೂ ನೂಸತೈತೇನು?"

"ಉಸಿರು ಎಳಕೊಂಡಾಗ, ಅಕ್ಕಾ."

"ಎಲ್ಲೆ?"

ಎಸ್ತರ್ ಸುವರ್ಣಾಳ ಕೈಹಿಡಿದು ತನ್ನ ಬಲಪಕ್ಕೆಯ ಮೇಲೆ ಇಟ್ಟುಕೊಂಡಳು. ಸುವರ್ಣಾ ಕೈ ತೆಗೆಯಲಿಲ್ಲ. ಎಸ್ತರಳ ಉಸಿರಿನೊಡನೆ ಅದು ಮೇಲೇರಿ ಕೆಳಗಿಳಿಯಿತು.

"ಅಷ್ಟು ಜೋರ ಹಿಡಿದಿದ್ರೇನ್ರಿ?" ಎಂದು ಇಂದುಮತಿಯ ಕಡೆ ತಿರುಗದೆಯೇ ಕೇಳಿದಳು.

ಎಷ್ಟು ಜೋರೆಂಬುದರ ಅಂಕಿ ಇಂದುಮತಿಗೆ ಬಾಯಿಪಾಠವಿತ್ತು. "ಹೌದ್ರಿ," ಎಂದಳು. "ಬಾಳ ಜೋರ ಹಿಡಿದಿದ್ರು."

"ವರದಿ ತಿದ್ದೂದು ಬ್ಯಾಡ್ರಿ ಹಂಗಾರ. ಮುರದವರು ಅವರಽ ಅಲ್ಲೇನು? ಇರ್ಲಿ ಹಂಗಽ."

ಆಮೇಲೆ ಆ ಇಬ್ಬರು ಹೆಂಗಸರು ತಮ್ಮತಮ್ಮಲ್ಲಿ ಮಾತಿಗಿಳಿದರು. ಅಡಿಗೆ ಯಾರು ಮಾಡುತ್ತಾರೆ, ನೀರು ಯಾರು ತರುತ್ತಾರೆ, ಆಸ್ಪತ್ರೆಗೆ ಮತ್ತೆ ಯಾವಾಗ ಹೋಗಬೇಕು. ಸುವರ್ಣಾ ಎದ್ದು ಹೋಗಿ ಅಡಿಗೆಯ ಮೂಲೆಯಲ್ಲಿ ಪಾತ್ರೆಗಳ ಮುಚ್ಚಳ ತೆಗೆದು ನೋಡತೊಡಗಿದಳು. ಇಂದುಮತಿ ಬಾಗಿಲ ಬಳಿ ಸ್ವಲ್ಪ ಹೊತ್ತು ನಿಂತಳು. ಹೋಗಿ ಬರುತ್ತೇನೆ ಎಂದಳು. ಪಾತ್ರೆಯ ಸದ್ದಿನಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ಚಪ್ಪಲಿ ಮೆಟ್ಟಿಕೊಂಡು ಸ್ಟ್ಯಾಂಡಿನ ಕಡೆ ನಡೆದಳು.

ಮರುದಿನ ಅವಳು ಪ್ರಕರಣವನ್ನು ಮುಚ್ಚಿದಳು. ದಾಖಲೆಯಲ್ಲಿ ಒಂದಕ್ಷರವೂ ಬದಲಾಗಲಿಲ್ಲ. ಸಮಿತಿಗೆ ಹೊಸ ಸಂಕೇತ ಬೇಕೆಂದು ಬರೆಯುವಾಗ ಅದಕ್ಕೇನು ಹೆಸರಿಡಬೇಕೆಂದು ಅವಳಿಗೂ ಸುಧೀಂದ್ರರಿಗೂ ತಿಳಿಯಲಿಲ್ಲ. ಹೆಸರಿನ ಜಾಗವನ್ನು ಖಾಲಿ ಬಿಟ್ಟು ಕಳಿಸಿದರು. ಉತ್ತರ ಬರಲಿಲ್ಲ.

ಚಳಿಗಾಲ ಕಳೆದು ಬಿಸಿಲು ಏರತೊಡಗಿದ ಮೇಲೊಂದು ಮಧ್ಯಾಹ್ನ ಇಂದುಮತಿ ಊಟದ ಡಬ್ಬಿ ತೆರೆಯುತ್ತಿದ್ದಾಗ ಫೋನು ಬಂತು. ಸುವರ್ಣಾ. ದನಿ ಬಹಳ ಸಣ್ಣಗಿತ್ತು, ಹಿಂದೆ ಗಾಡಿಯ ಗುಂಯ್‌ಗುಡುವ ಸದ್ದು.

"ಬಾಯಾರ, ಅವತ್ತು ಹೇಳದಽ ಎದ್ದು ಹೋದ್ರಿ. ಚಹಾ ಸೈತ ಕುಡೀಲಿಲ್ಲ."

"ಇರ್ಲಿ ಬಿಡ್ರಿ ಅಕ್ಕಾರ. ಹ್ಯಾಂಗದೀರಿ?"

"ಎಸ್ತರ್ ಮತ್ತ ಬೇಕರಿಗೆ ಹೊಂಟಾಳ್ರಿ. ಗಾಡ್ಯಾಗ ಕುಂತ್ರ ಅಂಜಿಕಿ ಬರತೈತಿ, ಕಣ್ಣು ಹತ್ತೂದಿಲ್ಲ ಅಂದ್ಲು. ಅದಕ್ಕ ಮಧ್ಯಾಹ್ನ ನಾನೂ ಆಕಿ ಜೋಡಿ ಗದಗಿನ ತನಕ ಹೋಗಿ ಬರತೇನಿ. ಮನ್ಯಾಗ ಕುಂತು ಏನು ಮಾಡಲಿ. ಈಗ ವ್ಯಾನಿನ್ಯಾಗಽ ಅದೇವಿ."

"ಆಕಿ ಮಾತಾಡತಾಳೇನು?"

"ಇಲ್ರಿ. ನನ್ನ ಹೆಗಲ ಮ್ಯಾಲೆ ತಲಿ ಇಟ್ಟು ಮಲಗ್ಯಾಳ. ಹೊತ್ತಾತು, ಹೆಗಲು ಜೋಮು ಹಿಡದೈತಿ." ಸುವರ್ಣಾ ನಕ್ಕದ್ದು ಕೇಳಿಸಿತು. ಮರುಕ್ಷಣ ದನಿ ಮತ್ತೂ ತಗ್ಗಿತು. "ಮಿಸಕಾಡತಾಳ ನೋಡ್ರಿ. ಎಚ್ಚರಾದೀತು, ಇಡತೇನಿ."

ಇಂದುಮತಿಗೆ ಏನೋ ಹೇಳುವುದಿತ್ತು. ತಾನೂ ಒಂದು ದಿನ ಬರಲೇ ಎಂದು ಕೇಳುವುದಿತ್ತೇನೋ. ಅಷ್ಟರಲ್ಲಿ ಆ ಕಡೆಯ ಸದ್ದು ನಿಂತಿತ್ತು. ಅವಳು ಇನ್ನೂ ಸ್ವಲ್ಪ ಹೊತ್ತು ಫೋನನ್ನು ಕಿವಿಗೆ ಹಿಡಿದುಕೊಂಡೇ ಕೂತಿದ್ದಳು.